ಹೊಲದ ಹಾದಿಯೂ ಪೋಲೀಸ್ ಠಾಣೆಯೂ

ಶ್ರೀಮಠಕ್ಕೆ ಬರುವ ಸದ್ಭಕ್ತರಲ್ಲಿ ಮದುವೆಯ ಮಾತಿಗೆಂದು ಬರುವವರುಂಟು, ಕೂಸಿಗೆ ಲಿಂಗಧಾರಣೆ ಮಾಡಿಸಲೆಂದು ಬರುವವರುಂಟು, ಏನೂ ಕಾರಣವಿಲ್ಲದೆ ಬಂದು ಪ್ರಸಾದ ಸ್ವೀಕರಿಸಿ ಹೋಗುವವರೂ ಉಂಟು. ಕೆಲವು ವರ್ಷಗಳಿಂದ ಇವರ ನಡುವೆ ಮತ್ತೊಂದು ಬಗೆಯವರು ಕಾಣಿಸಿಕೊಳ್ಳತೊಡಗಿದ್ದಾರೆ. ಅವರು ತಮ್ಮ ಹೊಲಕ್ಕೆ ಹೋಗುವ ಹಾದಿಯನ್ನು ಕಳೆದುಕೊಂಡವರು. ಕೈಯಲ್ಲಿ ಒಂದು ಪ್ಲಾಸ್ಟಿಕ್ ಚೀಲ. ಅದರೊಳಗೆ ಪಹಣಿ ಪತ್ರಿಕೆ, ಠಾಣೆಗೆ ಕೊಟ್ಟ ಅರ್ಜಿಯ ಪ್ರತಿ, ಮಡಿಸಿ ಮಡಿಸಿ ಹರಿದ ಒಂದು ನಕಾಶೆ. ಕುಳಿತ ಕೂಡಲೇ ಅವರಾಡುವ ಮೊದಲ ಮಾತು, 'ಪೋಲೀಸರು ಏನೂ ಮಾಡವಲ್ಲರು' ಎಂಬುದು. ವಾರದ ನಂತರ ಎದುರಿನ ಪಕ್ಷದವರೂ ಬರುತ್ತಾರೆ. ಅವರ ಮೊದಲ ಮಾತು, 'ಪೋಲೀಸರು ನಮ್ಮ ಹೊಲಕ್ಕೆ ಬಂದು ನಮಗೇ ದಬಾಯಿಸಿದರು' ಎಂದಿರುತ್ತದೆ. ಒಂದೇ ಠಾಣೆ, ಅದೇ ಅಧಿಕಾರಿ, ಅದೇ ಹಾದಿ.

ಈ ಲೇಖಕನು ನ್ಯಾಯವಾದಿಯಲ್ಲ. ಮಠದ ಪಾಠಶಾಲೆಯಲ್ಲಿ ಸಂಸ್ಕೃತವನ್ನೂ ಹಳಗನ್ನಡವನ್ನೂ ಓದಿ, ಅದನ್ನೇ ಓದಿಸುತ್ತ ಬಾಳಿದವನು. ಕಾನೂನಿನ ಪುಸ್ತಕವನ್ನು ಅರವತ್ತು ದಾಟಿದ ಮೇಲೆ ಕೈಗೆತ್ತಿಕೊಳ್ಳಬೇಕಾಗಿ ಬಂದುದು ನನ್ನದೇ ಒಂದು ತಪ್ಪಿನಿಂದ. ಆ ತಪ್ಪನ್ನು ಮುಚ್ಚಿಟ್ಟು ಬರೆದರೆ ಓದುಗರಿಗೆ ಪ್ರಯೋಜನವಿಲ್ಲವಾದ್ದರಿಂದ ಅದನ್ನೇ ಮೊದಲು ಹೇಳುತ್ತೇನೆ.

ನಮ್ಮ ಸಂಬಂಧಿಕರ ಪೈಕಿ ಇಬ್ಬರು ಅಣ್ಣತಮ್ಮಂದಿರಿದ್ದಾರೆ. ಮಲಪ್ರಭೆಯ ದಂಡೆಯ ಎರೆಭೂಮಿ, ಒಟ್ಟು ಹನ್ನೊಂದು ಎಕರೆ. ತಂದೆ ಲಿಂಗೈಕ್ಯರಾದ ಬಳಿಕ 2016ರಲ್ಲಿ ವಾಟ್ನಿಯಾಯಿತು. ಡಾಂಬರು ರಸ್ತೆಗೆ ಹತ್ತಿಕೊಂಡ ಮುಂದಿನ ಪಾಲು ಅಣ್ಣನಿಗೆ, ಹಳ್ಳದ ಕಡೆಯ ಹಿಂದಿನ ಪಾಲು ತಮ್ಮನಿಗೆ. ವಾಟ್ನಿಯ ಕಾಗದದಲ್ಲಿ ಬಾವಿಯ ನೀರಿನ ಪಾಳಿ ಬರೆದರು, ಬದುವಿನ ಮೇಲಿನ ಎರಡು ಬೇವಿನ ಗಿಡ ಯಾರಿಗೆಂದು ಬರೆದರು, ತಾಯಿಯ ಜೀವನಾಂಶಕ್ಕೆ ಎಷ್ಟು ಚೀಲ ಜೋಳವೆಂದು ಬರೆದರು. ಹಿಂದಿನ ಪಾಲಿನವನು ಯಾವ ಹಾದಿಯಿಂದ ಹೋಗಬೇಕೆಂದು ಮಾತ್ರ ಬರೆಯಲಿಲ್ಲ. 'ಒಡಹುಟ್ಟಿದವರಿಗೆ ಹಾದಿ ಬರೆದು ಕೊಡುವುದೆಂದರೆ ಹೇಗೆ, ಅದು ಇದ್ದೇ ಇದೆಯಲ್ಲ' ಎಂದು ಅಂದು ಕೂಡಿದ ಹಿರಿಯರು ಹೇಳಿದರು. ಆ ಹಿರಿಯರಲ್ಲಿ ನಾನೂ ಒಬ್ಬನಿದ್ದೆ.

ಒಂಬತ್ತು ವರ್ಷ ಏನೂ ಆಗಲಿಲ್ಲ. ತಮ್ಮನ ಚಕ್ಕಡಿ ಅಣ್ಣನ ಹೊಲದ ನಡುವಿನ ಹಳೆಯ ಜಾಡಿನಲ್ಲಿ ಹೋಗಿಬರುತ್ತಿತ್ತು. ಮುಂದೆ ಅಣ್ಣನ ಮಗ ಹೊಲದ ಉಸ್ತುವಾರಿ ನೋಡತೊಡಗಿದನು. ಕಬ್ಬಿಗೆ ಹನಿ ನೀರಾವರಿಯ ಕೊಳವೆ ಹಾಸಿದನು. ತಮ್ಮನೂ ಎತ್ತು ಮಾರಿ ಟ್ರ್ಯಾಕ್ಟರ್ ತಂದನು. ಒಂದು ದಿನ ಟ್ರೇಲರಿನ ಗಾಲಿ ಕೊಳವೆಯ ಮೇಲೆ ಹೋಯಿತು. ಅಷ್ಟೇ ಆದದ್ದು. 2025ರ ಫೆಬ್ರುವರಿಯ ಮೊದಲ ವಾರದಲ್ಲಿ ಹಾದಿಯ ಬಾಯಿಗೆ ಕಲ್ಲಿನ ಕಂಬ ನೆಟ್ಟು, ತಂತಿ ಎಳೆದು, ಮೇಲೆ ಜಾಲಿಯ ಮುಳ್ಳು ಹೇರಿದರು.

ಮಾರ್ಚಿನಲ್ಲಿ ತಮ್ಮನು ನನ್ನ ಹತ್ತಿರ ಬಂದನು. 'ಗುರುಗಳ, ಅಣ್ಣ ಹಾದಿಗೆ ಮುಳ್ಳು ಹಚ್ಚ್ಯಾನ್ರಿ. ಠಾಣೆಕ ಹೋಗ್ಲೋ, ಕಚೇರಿಗೆ ಹೋಗ್ಲೋ, ನೀವ ಒಂದ್ ಮಾತ್ ಹೇಳ್ರಿ' ಎಂದನು. ನಾನು ಹೇಳಿದೆ: 'ಎಲ್ಲೂ ಹೋಗಬ್ಯಾಡ ತಮ್ಮಾ. ಜಾತ್ರಿ ಮುಗೀಲಿ. ಪೂಜ್ಯರ ಮುಂದ ಇಬ್ಬರನ್ನೂ ಕೂಡಿಸ್ತೇನಿ.' ಅವನು ನನ್ನ ಮಾತು ನಂಬಿ ಹೋದನು. ಜಾತ್ರೆಯಾಯಿತು, ಲಗ್ನದ ದಿನಗಳು ಬಂದವು. ಎರಡು ಸಲ ಕೂಟ ಕರೆದೆವು. ಅಣ್ಣ ಒಂದಕ್ಕೆ ಬಂದನು, ಒಂದಕ್ಕೆ ಬರಲಿಲ್ಲ. ಅಷ್ಟರಲ್ಲಿ ರೋಹಿಣಿ ಮಳೆ ಹನಿಯಿತು. ಬೀಜ, ಗೊಬ್ಬರ ಹೇರಿಕೊಂಡು ತಮ್ಮನು ಬೇಲಿಯ ಮುಂದೆ ನಿಂತನು. ಮಾತಿಗೆ ಮಾತು ಬೆಳೆಯಿತು. ತಮ್ಮನ ಮಗ ಒಂದು ಕಂಬ ಕಿತ್ತನು. ಅಣ್ಣನ ಮಗ ಬಡಿಗೆ ಎತ್ತಿದನು. ಯಾರೋ 112ಕ್ಕೆ ಫೋನು ಮಾಡಿದರು.

ಸಂಜೆ ಠಾಣೆಗೆ ನಾನೂ ಹೋದೆ. ಪಿ.ಎಸ್.ಐ. ಇನ್ನೂ ಎಳೆಯ ವಯಸ್ಸಿನವರು, ಸಭ್ಯರು, ಕುರ್ಚಿ ಕೊಟ್ಟು ಕೂಡಿಸಿದರು. 'ಗುರುಗಳೇ, ನಾನು ಯಾವ ಕೇಸು ಹಾಕಲಿ ನೀವೇ ಹೇಳಿ. ಮುಂದಿನ ಹೊಲ ಅಣ್ಣನ ಹೆಸರಿನಲ್ಲಿದೆ. ಹಾದಿ ಕೊಡಬೇಕಾಗಿಲ್ಲ ಅಂತ ಅವರು ನಂಬಿದ್ದಾರೆ. ಹಾದಿ ತಮ್ಮದು ಅಂತ ಇವರು ನಂಬಿದ್ದಾರೆ. ಯಾರ ನಂಬಿಕೆ ಸರಿ ಅಂತ ತೀರ್ಪು ಹೇಳೋಕೆ ನಾನು ನ್ಯಾಯಾಧೀಶನಲ್ಲ' ಎಂದರು. ಇದು ಕೈ ತೊಳೆದುಕೊಳ್ಳುವ ಮಾತು ಎಂದು ನನಗೆ ಅನ್ನಿಸಿತು. ಮನಸ್ಸಿನಲ್ಲಿ ಸಿಟ್ಟೂ ಬಂತು. ಮಠಕ್ಕೆ ಮರಳಿ, ಪರಿಚಯದ ನ್ಯಾಯವಾದಿಯೊಬ್ಬರಿಂದ ಪುಸ್ತಕ ತರಿಸಿ ಓದಿದಾಗ ಆ ಸಿಟ್ಟಿನಲ್ಲಿ ಅರ್ಧ ಇಳಿಯಿತು.

ಒಬ್ಬನು ಹೋಗಲು ಹಕ್ಕಿರುವ ದಿಕ್ಕಿನಲ್ಲಿ ಹೋಗದಂತೆ ತಡೆಯುವುದು ಅಕ್ರಮ ತಡೆ ಎಂಬ ಅಪರಾಧ. 1860ರ ಭಾರತೀಯ ದಂಡ ಸಂಹಿತೆಯಲ್ಲಿ ಇದು 339ನೆಯ ಕಲಮಿನಲ್ಲಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಅದು 126ನೆಯ ಕಲಮಾಗಿದೆ. ಶಿಕ್ಷೆ ಒಂದು ತಿಂಗಳವರೆಗಿನ ಸಾದಾ ಸೆರೆವಾಸ. ದಂಡದ ಮಿತಿ ಹಿಂದೆ ಐದುನೂರು ರೂಪಾಯಿ ಇದ್ದುದು ಈಗ ಐದು ಸಾವಿರವಾಗಿದೆ. ಆದರೆ ಆ ಕಲಮಿನ ಕೆಳಗೆ ಒಂದು ವಿನಾಯಿತಿ ಇದೆ. ಖಾಸಗಿ ಹಾದಿಯೊಂದನ್ನು ತಡೆಯುವ ಹಕ್ಕು ತನಗೆ ಕಾನೂನಿನಂತೆ ಇದೆಯೆಂದು ಸದ್ಭಾವನೆಯಿಂದ ನಂಬಿ ತಡೆದವನು ಈ ಅಪರಾಧ ಮಾಡಿದಂತಾಗುವುದಿಲ್ಲ. ನೂರಾರು ಬಗೆಯ ತಡೆಗಳಿರುವಾಗ ಕಾನೂನು ಬರೆದವರು ಬೇರಾವುದನ್ನೂ ಅಲ್ಲ, ಖಾಸಗಿ ಹಾದಿಯನ್ನೇ ಹೆಸರಿಸಿ ಹೊರಗಿಟ್ಟಿದ್ದಾರೆ. 160 ವರ್ಷಗಳಾಚೆ ಹೊಸ ಸಂಹಿತೆ ಬರೆದವರೂ ಅದನ್ನು ಹಾಗೆಯೇ ಉಳಿಸಿಕೊಂಡಿದ್ದಾರೆ. ಹೊಲ ಹೊಲಕ್ಕೂ ಇರುವ ಇಂಥ ಜಗಳಗಳಲ್ಲಿ ಪ್ರಾಮಾಣಿಕವಾಗಿ ತನ್ನ ನೆಲವೆಂದು ತಿಳಿದವನನ್ನು ಸೆರೆಮನೆಗೆ ಕಳಿಸಬಾರದೆಂಬುದು ಅವರ ಎಣಿಕೆಯಾಗಿರಬೇಕು.

ಸದ್ಭಾವನೆ ಎಂದರೆ ಬಾಯಿಮಾತಿನ ನಂಬಿಕೆಯಲ್ಲ. ತಕ್ಕ ಎಚ್ಚರಿಕೆಯಿಂದಲೂ ಲಕ್ಷ್ಯದಿಂದಲೂ ಮಾಡದ ಯಾವುದನ್ನೂ ಸದ್ಭಾವನೆಯೆಂದು ಎಣಿಸಬಾರದೆಂದು ಅದೇ ಸಂಹಿತೆ ಹೇಳುತ್ತದೆ. ತನ್ನ ಕೈಬರಹದ ಕಾಗದದಲ್ಲಿಯೇ ಹಾದಿ ಬಿಟ್ಟಿದ್ದೇನೆಂದು ಒಪ್ಪಿಕೊಂಡವನು, ಅಥವಾ ನ್ಯಾಯಾಲಯದ ಡಿಕ್ರಿ ಕೈಯಲ್ಲಿ ಬಂದ ಮೇಲೆ ಬೇಲಿ ಹಾಕಿದವನು ಈ ವಿನಾಯಿತಿಯ ಆಸರೆ ಪಡೆಯಲಾರನು. ಆದುದರಿಂದ ವಾಟ್ನಿಯ ಕಾಗದದಲ್ಲಿ ಹಾದಿಯ ಬಗ್ಗೆ ಒಂದು ಸಾಲು ಇದ್ದಿದ್ದರೆ ಅಂದು ಪಿ.ಎಸ್.ಐ. ಅವರ ಉತ್ತರವೇ ಬೇರೆಯಾಗುತ್ತಿತ್ತು. ಆ ಸಾಲನ್ನು ಬೇಡವೆಂದವರು ನಾವು.

ಪೋಲೀಸರು ಏನೂ ಮಾಡದಿರುವುದಕ್ಕಿಂತ ಹೆಚ್ಚು ಮಾಡುವುದು ಇಂಥ ವ್ಯಾಜ್ಯಗಳಲ್ಲಿ ಅಪಾಯಕರವೆಂದು ನನಗೆ ಈಗ ತೋರುತ್ತದೆ. ಬೇರೊಂದು ಊರಿನ ಸಂಗತಿ ನನಗೆ ಗೊತ್ತಿದೆ. ಅಲ್ಲಿ ಠಾಣಾಧಿಕಾರಿಯೊಬ್ಬರು ಎರಡೂ ಕಡೆಯವರನ್ನು ರಾತ್ರಿ ಕೂಡಿಸಿ, ಗದರಿಸಿ, 'ಎಂಟು ಅಡಿ ಹಾದಿ ಬಿಡುತ್ತೇನೆ' ಎಂದು ಮುಚ್ಚಳಿಕೆ ಬರೆಸಿ, ಬೆಳಗಾಗುವುದರೊಳಗೆ ಬೇಲಿ ತೆಗೆಸಿದರು. ಹಾದಿ ಪಡೆದವರು ಪೇಢೆ ಹಂಚಿದರು. ಆರು ತಿಂಗಳಲ್ಲಿ ಆ ಅಧಿಕಾರಿಗೆ ವರ್ಗವಾಯಿತು, ಬೇಲಿ ಮತ್ತೆ ಬಂತು. ನ್ಯಾಯಾಲಯದಲ್ಲಿ ಆ ಮುಚ್ಚಳಿಕೆಯನ್ನು ಹಾಜರುಪಡಿಸಿದಾಗ ಎದುರಿನವನು ಅದು ಭಯದಿಂದ ಬರೆದುಕೊಟ್ಟದ್ದೆಂದು ಹೇಳಿದನು. ಠಾಣೆಯಲ್ಲಿ ಬರೆಸಿದ ಕಾಗದವು ಹಕ್ಕನ್ನು ಹುಟ್ಟಿಸುವುದೂ ಇಲ್ಲ, ಅಳಿಸುವುದೂ ಇಲ್ಲ. ಸಿವಿಲ್ ಹಕ್ಕುಗಳನ್ನು ತೀರ್ಮಾನಿಸುವುದು ಪೋಲೀಸರ ಕೆಲಸವಲ್ಲವೆಂದು ಉಚ್ಚ ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ.

ಹಾಗಾದರೆ ಅವರ ಕೆಲಸವೇನು? ಮೊದಲು ಹಾದಿ ಯಾವ ಜಾತಿಯದೆಂದು ನೋಡಬೇಕು. ಗ್ರಾಮ ನಕಾಶೆಯಲ್ಲಿ ಕಾಲುದಾರಿಯೋ ಬಂಡಿದಾರಿಯೋ ಗುರುತಾಗಿದ್ದರೆ, ಅಥವಾ ಸರ್ವೆ ದಾಖಲೆಯಲ್ಲಿ ಹಾದಿಯ ನೆಲವನ್ನು 'ಬ' ಖರಾಬು ಎಂದು ಬಿಟ್ಟಿದ್ದರೆ, ಅದು ಸಾರ್ವಜನಿಕರ ಹಾದಿ. ಅದನ್ನು ಕಟ್ಟಿದವನಿಗೆ ಮೇಲೆ ಹೇಳಿದ ವಿನಾಯಿತಿ ಇಲ್ಲ. ಸಾರ್ವಜನಿಕ ದಾರಿಗೆ ಅಡ್ಡಿಮಾಡುವುದು ಬೇರೆಯೇ ಅಪರಾಧ, ಆ ಅಡ್ಡಿಯನ್ನು ತೆಗೆಸಲು ದಂಡಾಧಿಕಾರಿಗೆ ಬೇರೆಯೇ ಅಧಿಕಾರವಿದೆ. ಠಾಣೆಗೆ ಹೋಗುವ ಮುನ್ನ ಭೂಮಾಪನ ಕಚೇರಿಗೆ ಹೋಗಿ ಗ್ರಾಮ ನಕಾಶೆ, ಟಿಪ್ಪಣಿ, ಆಕಾರಬಂದಿನ ನಕಲು ತೆಗೆಸಿ ನೋಡುವವರು ಬಹಳ ಕಡಿಮೆ. ಅಜ್ಜನ ಕಾಲದ ಹಾದಿ ಎಂದು ಕೂಗುವವರ ನಕಾಶೆಯಲ್ಲಿ ಏನೂ ಇರುವುದಿಲ್ಲ. ಹಾದಿಯೇ ಇಲ್ಲವೆಂದು ಆಣೆಯಿಡುವವರ ಹೊಲದಲ್ಲಿ ಚುಕ್ಕೆಗೆರೆ ಸ್ಪಷ್ಟವಾಗಿ ಹಾದುಹೋಗಿರುತ್ತದೆ. ಎರಡನ್ನೂ ಕಂಡಿದ್ದೇನೆ.

ಹಾದಿ ಖಾಸಗಿಯದೇ ಆದರೂ ಪೋಲೀಸರು ನಿರ್ವಹಿಸಲೇಬೇಕಾದ ಕೆಲಸಗಳಿವೆ. ಹೊಡೆದಾಟವಾದರೆ, ಕೊಲೆಬೆದರಿಕೆಯಾದರೆ, ನಿಂತ ಬೆಳೆ ಹಾಳುಮಾಡಿದರೆ, ಹೆಣ್ಣುಮಕ್ಕಳನ್ನು ಎಳೆದಾಡಿದರೆ 'ಇದು ಸಿವಿಲ್ ವ್ಯಾಜ್ಯ' ಎಂದು ಹಿಂದಕ್ಕೆ ಕಳಿಸುವಂತಿಲ್ಲ. ಸಂಜ್ಞೇಯ ಅಪರಾಧದ ಮಾಹಿತಿ ಬಂದಾಗ ಪ್ರಥಮ ವರ್ತಮಾನ ವರದಿ ದಾಖಲಿಸುವುದು ಕಡ್ಡಾಯವೆಂದು ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠ 2013ರಲ್ಲಿಯೇ ಹೇಳಿದೆ. ಠಾಣೆಯಲ್ಲಿ ದಾಖಲಿಸದಿದ್ದರೆ ಪೋಲೀಸ್ ಅಧೀಕ್ಷಕರಿಗೆ ಬರೆಯಬಹುದು, ಅಲ್ಲಿಯೂ ಆಗದಿದ್ದರೆ ನ್ಯಾಯಿಕ ದಂಡಾಧಿಕಾರಿಯನ್ನು ಕಾಣಬಹುದು. ಇನ್ನು ಸಿವಿಲ್ ನ್ಯಾಯಾಲಯವು ತಡೆಯಾಜ್ಞೆ ಕೊಟ್ಟು, ಅದನ್ನು ಪಾಲಿಸಲು ಪೋಲೀಸ್ ನೆರವು ನೀಡಬೇಕೆಂದು ಆದೇಶಿಸಿದರೆ ಅವರು ಬಂದು ನಿಲ್ಲಲೇಬೇಕು. ಆಗ ಅವರು ಹಾದಿ ಬಿಡಿಸುವುದು ತಮ್ಮ ಅಭಿಪ್ರಾಯದಿಂದಲ್ಲ, ನ್ಯಾಯಾಲಯದ ಮಾತಿನಿಂದ.

ಇವೆಲ್ಲಕ್ಕಿಂತ ಮುಖ್ಯವಾದುದು ಅವರು ಬರೆಯಬೇಕಾದ ಒಂದು ವರದಿ. ನಮ್ಮ ಪ್ರಕರಣದಲ್ಲಿ ಅದನ್ನು ಯಾರೂ ಬರೆಯಲಿಲ್ಲ. ಬರೆದದ್ದು ಬೇರೆಯದು. ಹಳ್ಳಿಗರ ಬಾಯಲ್ಲಿ ಅದಕ್ಕೆ 'ಒಂದ್ನೂರಾ ಏಳು ಹಾಕುವುದು' ಎನ್ನುತ್ತಾರೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 107ನೆಯ ಕಲಮು, ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 126ನೆಯ ಕಲಮು. ಎರಡೂ ಕಡೆಯವರು ಶಾಂತಿಭಂಗ ಮಾಡಬಹುದೆಂದು ಠಾಣೆಯಿಂದ ವರದಿ ಹೋಗುತ್ತದೆ. ತಹಶೀಲ್ದಾರರು ತಾಲೂಕಾ ದಂಡಾಧಿಕಾರಿಗಳಾಗಿ ನೋಟೀಸು ಕೊಟ್ಟು, ಒಂದು ವರ್ಷದವರೆಗೆ ಶಾಂತಿಯಿಂದಿರುವುದಾಗಿ ಬಾಂಡು ಬರೆಸಿಕೊಳ್ಳಬಹುದು. ಜಗಳ ತಡೆಯಲು ಇದು ಉಪಯುಕ್ತವೇ. ಆದರೆ ಇದರಿಂದ ಹಾದಿ ಒಂದು ಗೇಣೂ ತೆರೆಯುವುದಿಲ್ಲ. ಬೇಲಿ ಹಾಕಿದವನು ಶಾಂತಿಯಿಂದಿರುವುದು ಸುಲಭ, ಅವನ ಕೆಲಸ ಆಗಿಹೋಗಿದೆ. ಬೇಲಿಯ ಹೊರಗೆ ನಿಂತವನೂ ಶಾಂತಿಯಿಂದಿರಬೇಕು, ಆದರೆ ಅವನ ಹೊಲ ಬೀಳು ಬೀಳುತ್ತದೆ.

ಅದೇ ಸಂಹಿತೆಯ 166ನೆಯ ಕಲಮನ್ನು, ಎಂದರೆ ಹಳೆಯ 147ನೆಯದನ್ನು, ನಮ್ಮ ಜನ ಹೆಚ್ಚಾಗಿ ಕೇಳಿಲ್ಲ. ನೆಲವನ್ನೋ ನೀರನ್ನೋ ಬಳಸುವ ಹಕ್ಕಿನ ವಿಷಯದಲ್ಲಿ ಶಾಂತಿಭಂಗವಾಗುವಂಥ ವ್ಯಾಜ್ಯವಿದೆಯೆಂದು ಪೋಲೀಸ್ ವರದಿಯಿಂದ ಇಲ್ಲವೆ ಬೇರೆ ಮಾಹಿತಿಯಿಂದ ದಂಡಾಧಿಕಾರಿಗೆ ಮನವರಿಕೆಯಾದರೆ, ಅವರು ಎರಡೂ ಕಡೆಯವರನ್ನು ಕರೆಸಿ, ಹೇಳಿಕೆ ಪಡೆದು, ಸಾಕ್ಷ್ಯ ನೋಡಿ, ಅಂಥ ಹಕ್ಕು ಇದೆಯೋ ಇಲ್ಲವೋ ಎಂದು ತೀರ್ಮಾನಿಸುತ್ತಾರೆ. ಇದೆಯೆಂದು ಕಂಡರೆ ಅಡ್ಡಿಪಡಿಸಕೂಡದೆಂದು ಆಜ್ಞೆ ಮಾಡುವುದಷ್ಟೇ ಅಲ್ಲ, ಹಾಕಿದ ಬೇಲಿಯನ್ನು ತೆಗೆಯಲು ಹೇಳುವ ಅಧಿಕಾರವೂ ಅವರಿಗಿದೆ. ಅಂತಿಮ ಹಕ್ಕು ಸಿವಿಲ್ ನ್ಯಾಯಾಲಯದ್ದೇ. ಅಲ್ಲಿ ದಾವೆ ನಡೆದು ಮಧ್ಯಂತರ ಆದೇಶಗಳಿರುವಾಗ ಭೂಮಿಯ ಸ್ವಾಧೀನದ ವಿಷಯವಾಗಿ ದಂಡಾಧಿಕಾರಿಯ ಮುಂದೆ ಇನ್ನೊಂದು ನಡವಳಿ ಬೇಕಿಲ್ಲವೆಂದು 1985ರಲ್ಲಿಯೇ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ಆದರೆ ಬಿತ್ತನೆಯ ಹದ ಕಾಯುವುದಿಲ್ಲವಾದ್ದರಿಂದ ರೈತನಿಗೆ ಈ ಶೀಘ್ರ ಮಾರ್ಗ ದೊಡ್ಡದು. 2023ರಲ್ಲಿ ರಾಜ್ಯದ ಕಂದಾಯ ಇಲಾಖೆಯು ಸುತ್ತೋಲೆ ಹೊರಡಿಸಿ, ಹೊಲದ ಹಾದಿಯ ವ್ಯಾಜ್ಯಗಳಲ್ಲಿ ತಹಶೀಲ್ದಾರರು ಈ ಅಧಿಕಾರವನ್ನು ಬಳಸಬೇಕೆಂದು ತಿಳಿಸಿತ್ತು.

ಇದು ಹೊಸ ವಿಚಾರವೇನೂ ಅಲ್ಲ. ನಮ್ಮ ಬೆಳಗಾವಿ, ಧಾರವಾಡ, ವಿಜಾಪುರ, ಕಾರವಾರ ಜಿಲ್ಲೆಗಳು ಮುಂಬಯಿ ಪ್ರಾಂತಕ್ಕೆ ಸೇರಿದ್ದ ಕಾಲದಲ್ಲಿ 1906ರ ಮಾಮ್ಲೇದಾರರ ನ್ಯಾಯಾಲಯಗಳ ಕಾಯ್ದೆಯಂತೆ ಹೊಲದ ರೂಢಿಯ ಹಾದಿ ಕಟ್ಟಿದಾಗ ಆರು ತಿಂಗಳೊಳಗೆ ಮಾಮ್ಲೇದಾರರ ಮುಂದೆ ಹೋಗಬಹುದಾಗಿತ್ತು. ನೆರೆಯ ಮಹಾರಾಷ್ಟ್ರದಲ್ಲಿ ಆ ಕಾಯ್ದೆ ಇಂದಿಗೂ ಬಳಕೆಯಲ್ಲಿದೆ. ನನ್ನ ಬಾಲ್ಯದಲ್ಲಿ ಹಿರಿಯರು ಹಾದಿಯ ಮಾತು ಬಂದಾಗಲೆಲ್ಲ ಮಾಮ್ಲೇದಾರ ಕಚೇರಿಯನ್ನು ನೆನೆಯುತ್ತಿದ್ದರು, ಫೌಜದಾರರನ್ನಲ್ಲ.

166ನೆಯ ಕಲಮಿನ ಕೊನೆಗೆ ಒಂದು ಷರತ್ತಿದೆ. ನನ್ನ ತಪ್ಪು ಗೊತ್ತಾದುದು ಅದನ್ನು ಓದಿದಾಗ. ವರ್ಷವಿಡೀ ಬಳಸುವ ಹಾದಿಯಾದರೆ, ಪೋಲೀಸ್ ವರದಿ ಅಥವಾ ಮಾಹಿತಿಯು ದಂಡಾಧಿಕಾರಿಗೆ ಮುಟ್ಟುವುದಕ್ಕೆ ಹಿಂದಿನ ಮೂರು ತಿಂಗಳೊಳಗೆ ಆ ಹಕ್ಕನ್ನು ಬಳಸಿರಬೇಕು. ಇಲ್ಲವಾದರೆ ಬೇಲಿ ತೆಗೆಸುವ ಆಜ್ಞೆ ಮಾಡುವಂತಿಲ್ಲ. ಬಿತ್ತನೆಗೋ ಸುಗ್ಗಿಗೋ ಮಾತ್ರ ಬಳಸುವ ಹಾದಿಯಾದರೆ ಅದರ ಹಿಂದಿನ ಹಂಗಾಮಿನಲ್ಲಿ ಬಳಸಿದ್ದರೆ ಸಾಕು.

ಜೂನ್ ಕೊನೆಯಲ್ಲಿ ತಮ್ಮನು ತಹಶೀಲ್ದಾರರಿಗೆ ಅರ್ಜಿ ಕೊಟ್ಟನು. ಅವರು ವಿಚಾರಣೆಗೆ ಕರೆದರು. ಹಾದಿಯನ್ನು ಯಾವಾಗ ಬಳಸುತ್ತಿದ್ದೆ ಎಂದು ಕೇಳಿದಾಗ, ಹಿಂದಿನ ಹೊಲದಲ್ಲಿ ದನದ ಕೊಟ್ಟಿಗೆ ಇರುವುದರಿಂದ ದಿನಾಲು ಎರಡು ಹೊತ್ತು ಹೋಗುತ್ತಿದ್ದೆನೆಂದು ಅವನು ಇದ್ದುದನ್ನು ಇದ್ದಂತೆ ಹೇಳಿದನು. ಕಡೆಯ ಸಲ ಹೋದದ್ದು ಯಾವಾಗ? ಫೆಬ್ರುವರಿ ಮೊದಲ ವಾರ. ಲೆಕ್ಕ ಹಾಕಿದರೆ ನಾಲ್ಕು ತಿಂಗಳ ಮೇಲೆ ಇಪ್ಪತ್ತು ದಿನ. ಸಿವಿಲ್ ನ್ಯಾಯಾಲಯಕ್ಕೆ ಹೋಗಲು ತಿಳಿಸಿ ಕಡತ ಮುಚ್ಚಿದರು. ಅವರ ಮೇಲೆ ದೋಷ ಹೊರಿಸುವಂತಿಲ್ಲ. ಮಾರ್ಚಿನಲ್ಲಿ ಅವನು ನನ್ನ ಹತ್ತಿರ ಬಂದ ದಿನವೇ ಒಂದು ಹಾಳೆಯ ಅರ್ಜಿಯನ್ನು ಕಚೇರಿಯಲ್ಲಿ ಕೊಟ್ಟು ಸ್ವೀಕೃತಿ ಪಡೆದಿದ್ದರೆ ಸಾಕಾಗಿತ್ತು. ಅದು ಪೂಜ್ಯರ ಸಮ್ಮುಖದ ಮಾತುಕತೆಗೆ ಅಡ್ಡಿಯಾಗುತ್ತಿರಲಿಲ್ಲ. 'ಎಲ್ಲೂ ಹೋಗಬ್ಯಾಡ' ಎಂದವನು ನಾನು. ಆ ವರ್ಷದ ಮುಂಗಾರಿಗೆ ಐದೂವರೆ ಎಕರೆ ಬೀಳು ಬಿತ್ತು. ಅವನ ಹೆಂಡತಿ ಕೊಟ್ಟಿಗೆಯ ದನಗಳನ್ನು ಮನೆಯ ಅಂಗಳಕ್ಕೆ ತಂದು ಕಟ್ಟಿಕೊಂಡಳು; ಎರಡನ್ನು ಮಾರಿದರು.

ಆ ಜೂನಿನ ಪಿ.ಎಸ್.ಐ. ಶಾಂತಿಭಂಗದ ವರದಿಯ ಜೊತೆಗೆ ಹಾದಿಯ ವರದಿಯನ್ನೂ ಬರೆದಿದ್ದರೂ ಆ ಹೊತ್ತಿಗೆ ಮೂರು ತಿಂಗಳು ಮೀರಿಹೋಗಿತ್ತು. ಆದರೆ ಬೇರೆ ಎಷ್ಟೋ ಪ್ರಕರಣಗಳಲ್ಲಿ ಬೇಲಿ ಬಿದ್ದ ವಾರದಲ್ಲಿಯೇ ಜನ ಠಾಣೆಗೆ ಹೋಗಿರುತ್ತಾರೆ. ಅಲ್ಲಿ ಅರ್ಜಿ ತೆಗೆದುಕೊಂಡು, ಎರಡೂ ಕಡೆಯವರಿಗೆ ಬುದ್ಧಿ ಹೇಳಿ, 126ನೆಯ ಕಲಮಿನ ವರದಿ ಕಳಿಸಿ ಕೈಬಿಡುತ್ತಾರೆ. ಅದೇ ದಿನ 166ರ ವರದಿಯೊಂದು ತಹಶೀಲ್ದಾರರಿಗೆ ಹೋದರೆ ಹಾದಿಯ ಹಕ್ಕಿನ ವಿಚಾರಣೆ ಅಲ್ಲಿಂದಲೇ ಆರಂಭವಾಗುತ್ತದೆ. ಯಾರ ಪಕ್ಷವನ್ನೂ ಹಿಡಿಯದೆ, ಯಾವ ತೀರ್ಪನ್ನೂ ಕೊಡದೆ ಪೋಲೀಸರು ಮಾಡಬಹುದಾದ ಉಪಕಾರ ಇದು. ನಾನು ಕಂಡಮಟ್ಟಿಗೆ ಇದನ್ನು ಕೇಳಿದರೆ ಬರೆಯುತ್ತಾರೆ, ಕೇಳದಿದ್ದರೆ ಬರೆಯುವುದಿಲ್ಲ. ಅರ್ಜಿಯಲ್ಲಿಯೇ 'ಹಾದಿಯ ಬಳಕೆಯ ಹಕ್ಕಿನ ಬಗ್ಗೆ ತಾಲೂಕಾ ದಂಡಾಧಿಕಾರಿಗಳಿಗೆ ವರದಿ ಸಲ್ಲಿಸಬೇಕು' ಎಂದು ಬರೆಯುವುದಕ್ಕೆ ಖರ್ಚೇನೂ ಇಲ್ಲ.

ತಮ್ಮನ ಮಗ ಕಂಬ ಕಿತ್ತ ಸಂಗತಿಯನ್ನೂ ಇಲ್ಲಿ ಹೇಳಬೇಕು. 1882ರ ಈಸ್‌ಮೆಂಟ್ ಕಾಯ್ದೆಯ 36ನೆಯ ಕಲಮಿನಂತೆ, ಹಾದಿಯ ಹಕ್ಕು ಉಳ್ಳವನು ಕೂಡ ಅಕ್ರಮವಾಗಿ ಹಾಕಿದ ತಡೆಯನ್ನು ತಾನೇ ಕೈಯಾರೆ ಕಿತ್ತುಹಾಕುವಂತಿಲ್ಲ. ನ್ಯಾಯ ಅವನ ಕಡೆಗಿದ್ದರೂ ಕಂಬ ಕಿತ್ತ ಕ್ಷಣದಲ್ಲಿ ಅವನೇ ಆರೋಪಿಯಾಗುತ್ತಾನೆ. ಠಾಣೆಯಲ್ಲಿ ಅಣ್ಣನ ಕಡೆಯವರು ಆ ಕಂಬದ ಫೋಟೋ ತೋರಿಸಿದಾಗ ತಮ್ಮನ ಬಾಯಿ ಕಟ್ಟಿತು. ನಮ್ಮ ತರುಣರಿಗೆ ಇದನ್ನು ಮನೆಯಲ್ಲಿ ಹಿರಿಯರೇ ಹೇಳಿಕೊಡಬೇಕು, ಏಕೆಂದರೆ ಬಡಿಗೆಗೆ ಮೊದಲು ಕೈಹಾಕುವವರು ಅವರೇ.

ಸಿವಿಲ್ ದಾವೆಯಲ್ಲಿ ತಮ್ಮನ ಕಡೆಯವರು ಮೊದಲು ಹೇಳಹೊರಟದ್ದು 'ಅಜ್ಜನ ಕಾಲದಿಂದ ಇದೇ ಹಾದಿ' ಎಂದು. ನ್ಯಾಯವಾದಿಗಳು ಅದನ್ನು ಹೊಡೆದುಹಾಕಿಸಿದರು. ಕಾರಣ ಸ್ವಾರಸ್ಯವಾಗಿದೆ. ರೂಢಿಯ ಬಳಕೆಯಿಂದ ಹಾದಿಯ ಹಕ್ಕು ಬರಬೇಕಾದರೆ ಇಪ್ಪತ್ತು ವರ್ಷ ಬಹಿರಂಗವಾಗಿ, ಶಾಂತಿಯಿಂದ, ಹಕ್ಕೆಂದು ತಿಳಿದು, ತಡೆಯಿಲ್ಲದೆ ಬೇರೊಬ್ಬರ ನೆಲದಲ್ಲಿ ನಡೆದಿರಬೇಕು. ಅಜ್ಜನ ಕಾಲದಲ್ಲಿ ಹೊಲ ಒಂದೇ ಆಗಿತ್ತು. ತನ್ನ ನೆಲದಲ್ಲಿ ತಾನು ನಡೆಯುವುದಕ್ಕೆ ಯಾವ ಬೇರೆ ಹಕ್ಕೂ ಹುಟ್ಟುವುದಿಲ್ಲ. ಲೆಕ್ಕಕ್ಕೆ ಬರುವುದು ವಾಟ್ನಿಯಾದ 2016ರಿಂದ, ಎಂದರೆ ಒಂಬತ್ತೇ ವರ್ಷ. ಇಪ್ಪತ್ತು ವರ್ಷ ತುಂಬಿದವರಿಗೂ ಒಂದು ಎಚ್ಚರಿಕೆಯಿದೆ. ತಡೆ ಹಾಕಿದ್ದು ತಿಳಿದ ಮೇಲೆ ಒಂದು ವರ್ಷ ಸುಮ್ಮನೆ ಒಪ್ಪಿಕೊಂಡು ಕುಳಿತರೆ ಬಳಕೆ ಕಡಿದಂತೆ. ಆ ಇಪ್ಪತ್ತು ವರ್ಷಗಳು ದಾವೆ ಹಾಕುವುದಕ್ಕೆ ಹಿಂದಿನ ಎರಡು ವರ್ಷಗಳೊಳಗೆ ಮುಗಿದಿರಬೇಕು.

ತಮ್ಮನಿಗೆ ಆಸರೆಯಾದುದು ಅದೇ ಕಾಯ್ದೆಯ 13ನೆಯ ಕಲಮು. ಒಂದೇ ಸ್ವತ್ತನ್ನು ಪಾಲು ಮಾಡಿದಾಗ, ಒಂದು ಪಾಲಿನ ಮೂಲಕ ಹಾಯದೆ ಇನ್ನೊಂದನ್ನು ಅನುಭವಿಸಲು ಸಾಧ್ಯವೇ ಇಲ್ಲವಾದರೆ, ಕಾಗದದಲ್ಲಿ ಬರೆಯದಿದ್ದರೂ ಅಗತ್ಯದ ಹಾದಿ ಇರುತ್ತದೆ. ಸಾಧ್ಯವೇ ಇಲ್ಲ ಎಂಬುದು ಇಲ್ಲಿ ಮುಖ್ಯ. ಬೇರೆ ಹಾದಿ ದೂರವಾಗುತ್ತದೆ, ಕಷ್ಟವಾಗುತ್ತದೆ ಎಂದರೆ ಸಾಲದು. ಹಳ್ಳದ ಕಡೆಯಿಂದ ಹೋಗಬಹುದಲ್ಲ ಎಂದು ಅಣ್ಣನು ವಾದಿಸಿದನು. ನ್ಯಾಯಾಲಯದ ಕಮೀಷನರರು ಬಂದು ನೋಡಿದಾಗ ಹಳ್ಳದಾಚೆಯ ಹೊಲ ಮೂರನೆಯವರದು, ಅಲ್ಲಿ ತಮ್ಮನಿಗೆ ಯಾವ ಹಕ್ಕೂ ಇಲ್ಲವೆಂಬುದು ಕಂಡಿತು.

ಆದರೆ ಕಾನೂನು ಅಣ್ಣನನ್ನೂ ಬರಿಗೈಯಲ್ಲಿ ಕಳಿಸಿಲ್ಲ. ಅಗತ್ಯದ ಹಾದಿ ಎಲ್ಲಿ ಹೋಗಬೇಕೆಂದು ಗುರುತಿಸುವ ಅಧಿಕಾರ 14ನೆಯ ಕಲಮಿನಂತೆ ಹಾದಿ ಕೊಡುವವನದು. ಅದು ಪಡೆಯುವವನಿಗೆ ತಕ್ಕಮಟ್ಟಿಗೆ ಅನುಕೂಲವಾಗಿದ್ದರೆ ಸಾಕು. ಹೊಲದ ನಡುವಿನ ಜಾಡೇ ಬೇಕೆಂದು ತಮ್ಮನು ಹಟ ಹಿಡಿಯುವಂತಿಲ್ಲ. ಟ್ರ್ಯಾಕ್ಟರಿನ ಪ್ರಶ್ನೆಯಲ್ಲಿಯೂ ಅಣ್ಣನ ಮಾತಿಗೆ ತೂಕವಿತ್ತು. ಒಂದು ಬಗೆಯ ಹಾದಿಯ ಹಕ್ಕಿನಲ್ಲಿ ಇನ್ನೊಂದು ಬಗೆಯದು ಸೇರುವುದಿಲ್ಲವೆಂದು 28ನೆಯ ಕಲಮು ಹೇಳುತ್ತದೆ. ಅಗತ್ಯದ ಹಾದಿಯ ವಿಸ್ತಾರವೂ ಅದು ಹುಟ್ಟಿದಾಗ ಇದ್ದ ಅಗತ್ಯದಷ್ಟೇ. 2016ರಲ್ಲಿ ಆ ಜಾಡಿನಲ್ಲಿ ಹೋಗುತ್ತಿದ್ದುದು ಚಕ್ಕಡಿ. ಈ ಎರಡು ಮಾತುಗಳನ್ನು ಅಣ್ಣನಿಗೆ ಮೊದಲೇ ಯಾರಾದರೂ ತಿಳಿಸಿದ್ದರೆ, ಹಾದಿ ಕೊಟ್ಟರೆ ತನ್ನ ಹೊಲವೇ ಹೋಯಿತೆಂಬ ಅವನ ಭಯ ಕಡಿಮೆಯಾಗುತ್ತಿತ್ತೆಂದು ತೋರುತ್ತದೆ. ನಾವು ಕೂಟದಲ್ಲಿ ಅವನಿಗೆ ತ್ಯಾಗದ ಮಾತು ಹೇಳಿದೆವು. ಅವನ ಹಕ್ಕಿನ ಮಾತು ಹೇಳಲಿಲ್ಲ.

ಡಿಸೆಂಬರಿನಲ್ಲಿ ದಾವೆ ಲೋಕ ಅದಾಲತಿಗೆ ಬಂತು. ಅಲ್ಲಿ ಅಣ್ಣನು ತಾನೇ ಎದ್ದು, ಉತ್ತರದ ಬದುವಿಗೆ ಹೊಂದಿಕೊಂಡು ಹತ್ತು ಅಡಿ ಕೊಡುತ್ತೇನೆಂದನು. ಟ್ರ್ಯಾಕ್ಟರ್ ಹೋಗಬಹುದು, ಕಬ್ಬಿನ ಲಾರಿ ಹೋಗಕೂಡದು. ಕೊಳವೆ ಹಾಯುವ ಒಂದು ಜಾಗದಲ್ಲಿ ತಮ್ಮನು ಸಿಮೆಂಟಿನ ಪೈಪು ಹಾಕಿಸಿಕೊಡಬೇಕು. ಗಡಿಕಲ್ಲಿನ ಖರ್ಚು ಇಬ್ಬರದೂ ಅರ್ಧರ್ಧ. ಇಷ್ಟನ್ನು ಬರೆದು, ಭೂಮಾಪಕರ ನಕ್ಷೆ ಲಗತ್ತಿಸಿ, ಇಬ್ಬರೂ ಸಹಿ ಮಾಡಿದರು. ಅದಾಲತಿನ ಈ ತೀರ್ಪು ಸಿವಿಲ್ ನ್ಯಾಯಾಲಯದ ಡಿಕ್ರಿಗೆ ಸಮಾನ, ಅದರ ಮೇಲೆ ಮೇಲ್ಮನವಿ ಇಲ್ಲ. ನಾಳೆ ಯಾರಾದರೂ ಆ ಬದುವಿನ ಹಾದಿಗೆ ಮುಳ್ಳು ಹಚ್ಚಿದರೆ ಸದ್ಭಾವನೆಯ ಮಾತು ಆಡುವಂತಿಲ್ಲ, ಠಾಣೆಯವರೂ ತಮಗೆ ಸಂಬಂಧವಿಲ್ಲ ಎನ್ನುವಂತಿಲ್ಲ.

ಕಲ್ಲು ನೆಡುವ ದಿನ ನನ್ನನ್ನೂ ಕರೆದಿದ್ದರು. ಅಣ್ಣತಮ್ಮಂದಿರು ಒಬ್ಬರೊಡನೊಬ್ಬರು ಮಾತನಾಡಲಿಲ್ಲ. ಟೇಪಿನ ಎರಡು ತುದಿಗಳನ್ನು ಹಿಡಿದು ನಡೆದರು. ಅಣ್ಣನ ಹೆಂಡತಿ ಎಲ್ಲರಿಗೂ ಚಹಾ ತಂದಳು. ತಮ್ಮನ ಹೆಂಡತಿ ಲೋಟಗಳನ್ನು ತೊಳೆದುಕೊಟ್ಟಳು. ಆ ನಕ್ಷೆಯ ನೆರಳಚ್ಚು ಪ್ರತಿಯೊಂದನ್ನು ಕೇಳಿ ಪಡೆದು ಮಠದ ಗ್ರಂಥಾಲಯದ ಕಪಾಟಿನಲ್ಲಿ ಇಟ್ಟಿದ್ದೇನೆ. ವಾಟ್ನಿಯ ಕಾಗದ ಬರೆಸಲು ಬಂದು ನನ್ನನ್ನು ಹಿರಿಯನಾಗಿ ಕೂಡಲು ಕರೆಯುವವರಿಗೆ ಮೊದಲು ಅದನ್ನು ತೋರಿಸುತ್ತೇನೆ. ಆ ಬಳಿಕವೇ ಅವರ ಜೊತೆ ಹೊರಡುತ್ತೇನೆ.